ಕೂಡದ ಎಲುಬಿನ ಲೆಕ್ಕ

ಕೈ ಮುರಿದವನು ವೈದ್ಯನ ಬಳಿಗೆ ಹೋಗುವುದು, ವೈದ್ಯನು ಎಲುಬನ್ನು ನೆಟ್ಟಗೆ ಮಾಡಿ ಕಟ್ಟುವುದು, ಕೆಲವು ವಾರಗಳಲ್ಲಿ ಅದು ತಾನಾಗಿ ಕೂಡಿಕೊಳ್ಳುವುದು ಲೋಕದಲ್ಲಿ ನಿತ್ಯವೂ ನಡೆಯತಕ್ಕ ಸಂಗತಿ. ಇದರಲ್ಲಿ ಪತ್ರಿಕೆಯವರು ವಿಚಾರ ಮಾಡತಕ್ಕದ್ದೇನಿದೆಯೆಂದು ವಾಚಕರು ಕೇಳಬಹುದು. ಕೂಡಿಕೊಂಡ ಎಲುಬಿನ ವಿಷಯದಲ್ಲಿ ನಾವೂ ಏನನ್ನೂ ಹೇಳಬೇಕಾದುದಿಲ್ಲ. ಕೂಡದೆ ಉಳಿದ ಎಲುಬಿನ ವಿಷಯವಾಗಿಯೇ ಈ ದಿನ ನಾಲ್ಕು ಮಾತುಗಳನ್ನು ಬರೆಯಬೇಕೆಂದಿದ್ದೇವೆ. ಅಮೆರಿಕ ದೇಶದವರು ಅಂತಹ ಎಲುಬಿಗಾಗಿ ತಮ್ಮ ರೋಗಸಂಕೇತಗಳ ಮಹಾಗ್ರಂಥದಲ್ಲಿ ಒಂದು ಪ್ರತ್ಯೇಕವಾದ ಅಕ್ಷರವನ್ನೇ ಇಟ್ಟಿದ್ದಾರೆ. ಆ ಒಂದು ಅಕ್ಷರದ ಮೇಲೆ ಆಸ್ಪತ್ರೆಗೆ ಬರುವ ಹಣ, ರೋಗಿಗೆ ದೊರೆಯುವ ಚಿಕಿತ್ಸೆ, ದೇಶಕ್ಕೆ ಸಿಕ್ಕುವ ಲೆಕ್ಕ ಇವು ಮೂರೂ ನಿಂತಿವೆ. ಆ ಅಕ್ಷರವನ್ನು ಆರಿಸುವ ಕೆಲಸದಲ್ಲಿ ಬೆಂಗಳೂರು, ಚೆನ್ನೈ, ಹೈದರಾಬಾದುಗಳಲ್ಲಿ ಕುಳಿತ ನಮ್ಮ ತರುಣ ತರುಣಿಯರೂ ತೊಡಗಿದ್ದಾರೆ. ಆದುದರಿಂದ ಇದು ನಮಗೆ ದೂರದ ಮಾತಲ್ಲ.

ಮುಂಗೈಯಲ್ಲಿ ಎರಡು ಎಲುಬುಗಳಿರುವುವು. ಹೆಬ್ಬೆರಳಿನ ಕಡೆಗಿರುವುದನ್ನು ರೇಡಿಯಸ್ ಎಂದೂ, ಕಿರುಬೆರಳಿನ ಕಡೆಗಿರುವುದನ್ನು ಅಲ್ನಾ ಎಂದೂ ವೈದ್ಯರು ಕರೆಯುತ್ತಾರೆ. ಅಂಗೈಯನ್ನು ಮೇಲಕ್ಕೆ ಮಾಡುವುದಕ್ಕೂ ಕೆಳಕ್ಕೆ ತಿರುಗಿಸುವುದಕ್ಕೂ ಇವುಗಳಲ್ಲಿ ಒಂದು ಇನ್ನೊಂದರ ಸುತ್ತ ಹೊರಳಬೇಕು. ಬೀಗದ ಕೈಯನ್ನು ತಿರುಗಿಸುವುದು, ಕೊಡವನ್ನು ಬಗ್ಗಿಸುವುದು, ತುತ್ತನ್ನು ಬಾಯಿಗೆ ಒಯ್ಯುವುದು ಎಲ್ಲವೂ ಈ ಹೊರಳಾಟದ ಫಲ. ಎರಡರಲ್ಲಿ ಒಂದು ಮುರಿದು ಕೂಡದೆ ಹೋದರೆ ಮನುಷ್ಯನ ಕೈ ಇದ್ದೂ ಇಲ್ಲದಂತಾಗುವುದು. ಮುರಿದ ತುದಿಗಳ ನಡುವೆ ಎಲುಬು ಬೆಳೆಯುವ ಬದಲು ನಾರಿನಂತಹ ಪದಾರ್ಥ ತುಂಬಿಕೊಂಡು, ಕೀಲಿಲ್ಲದ ಜಾಗದಲ್ಲಿ ಹುಸಿಕೀಲೊಂದು ಹುಟ್ಟುವುದೂ ಉಂಟು. ಪೆಟ್ಟು ಬಲವಾಗಿದ್ದುದು, ಎಲುಬಿನ ಚೂರು ಕಳೆದುಹೋದುದು, ಗಾಯಕ್ಕೆ ಕೀವು ಹತ್ತಿದುದು, ಕಟ್ಟು ಅಥವಾ ಲೋಹದ ಪಟ್ಟಿ ಸಡಿಲವಾದುದು, ರೋಗಿಯ ಧೂಮಪಾನ, ಸಿಹಿಮೂತ್ರ ರೋಗ ಇವೇ ಮೊದಲಾದುವು ಇದಕ್ಕೆ ಕಾರಣಗಳು. ಲೋಹದ ಪಟ್ಟಿಯನ್ನು ಸರಿಯಾಗಿ ಕೂರಿಸುವ ವಿದ್ಯೆ ಬೆಳೆದ ಮೇಲೆ ಇಂತಹವರ ಸಂಖ್ಯೆ ಬಹಳ ಕಡಮೆಯಾಗಿದೆ. ಆದರೆ ಆ ಸ್ವಲ್ಪ ಮಂದಿಯಲ್ಲಿ ಒಬ್ಬನಾದವನಿಗೆ ಆ ಕಡಮೆ ಸಂಖ್ಯೆಯಿಂದ ಸಮಾಧಾನವಾಗಲಾರದು.

ರೋಗಗಳಿಗೆ ಸಂಕೇತವನ್ನು ಕೊಟ್ಟು ಎಣಿಸುವ ಪದ್ಧತಿ ನಿನ್ನೆ ಮೊನ್ನೆಯದಲ್ಲ. ಲಂಡನ್ನಿನ ವಿಲಿಯಂ ಫಾರ್ ಎಂಬ ಗಣನಶಾಸ್ತ್ರಜ್ಞನು ಕಳೆದ ಶತಮಾನಕ್ಕೂ ಹಿಂದಿನ ಶತಮಾನದ ನಡುಗಾಲದಲ್ಲಿ ಮರಣಕಾರಣಗಳನ್ನು ವರ್ಗಗಳಾಗಿ ವಿಂಗಡಿಸಬೇಕೆಂದು ಬಲವಾಗಿ ವಾದಿಸಿದನು. ಪ್ಯಾರಿಸ್ ನಗರದ ಜಾಕ್ ಬರ್ಟಿಲ್ಯೋನ್ ಎಂಬಾತನು ಸಿದ್ಧಪಡಿಸಿದ ಪಟ್ಟಿಯು 1893ರಲ್ಲಿ ಶಿಕಾಗೋ ನಗರದಲ್ಲಿ ಅಂತರರಾಷ್ಟ್ರೀಯ ಗಣನಸಂಸ್ಥೆಯ ಮುಂದೆ ಬಂದಿತು. 1900ರಲ್ಲಿ ಪ್ಯಾರಿಸಿನಲ್ಲಿ ಅದರ ಮೊದಲನೆಯ ಪರಿಷ್ಕರಣವಾಯಿತು. ಆಗ ಅದು ಸತ್ತವರ ಪಟ್ಟಿ. 1948ರಲ್ಲಿ ವಿಶ್ವ ಆರೋಗ್ಯ ಸಂಸ್ಥೆಯು ಈ ಕೆಲಸವನ್ನು ಕೈಗೆ ತೆಗೆದುಕೊಂಡು ಆರನೆಯ ಪರಿಷ್ಕರಣವನ್ನು ಹೊರಡಿಸಿದ ಮೇಲೆಯೇ ಬದುಕಿದ್ದು ನರಳುವವರಿಗೂ ಅದರಲ್ಲಿ ಸ್ಥಾನ ದೊರೆಯಿತು. ಹತ್ತನೆಯ ಪರಿಷ್ಕರಣವು 1990ರಲ್ಲಿ ಅಂಗೀಕೃತವಾಯಿತು. ಹನ್ನೊಂದನೆಯದು 2019ರಲ್ಲಿ ಅಂಗೀಕೃತವಾಗಿ 2022ರ ಜನವರಿ 1ರಿಂದ ಜಾರಿಗೆ ಬಂದಿತು.

ಅಮೆರಿಕದವರು ಮಾತ್ರ ಹತ್ತನೆಯ ಪರಿಷ್ಕರಣಕ್ಕೆ ತಮ್ಮದೇ ಆದ ವಿಸ್ತರಣವನ್ನು ಸೇರಿಸಿ, ಎರಡು ಮೂರು ಬಾರಿ ಮುಂದಕ್ಕೆ ಹಾಕಿ, ಕಡೆಗೆ 2015ರ ಅಕ್ಟೋಬರ್ 1ರಂದು ಆಸ್ಪತ್ರೆಗಳಲ್ಲೆಲ್ಲ ಬಳಕೆಗೆ ತಂದರು. ಹಳೆಯ ಪುಸ್ತಕದಲ್ಲಿ ಸುಮಾರು 14 ಸಾವಿರ ರೋಗಸಂಕೇತಗಳಿದ್ದುವು; ಹೊಸದರಲ್ಲಿ ಸುಮಾರು 69 ಸಾವಿರವಾದುವು. ಬಾತುಕೋಳಿ ತಾಗಿ ಪೆಟ್ಟಾದವನಿಗೂ ಒಂದು ಸಂಕೇತವಿದೆಯೆಂದು ಆ ದೇಶದ ವೈದ್ಯರೇ ಆಗ ನಗೆಯಾಡಿದರು. ನಗುವುದು ಸುಲಭ. ಆದರೆ ಈ ವಿಸ್ತಾರಕ್ಕೆ ಅರ್ಥವುಂಟೋ ಇಲ್ಲವೋ ಎಂಬುದನ್ನು ಬಾತುಕೋಳಿಯನ್ನು ನೋಡಿ ನಿರ್ಣಯಿಸುವುದು ನ್ಯಾಯವಲ್ಲ. ಮುರಿದ ಮುಂಗೈಯನ್ನು ನೋಡಿ ನಿರ್ಣಯಿಸಬೇಕು.

ಆ ಪುಸ್ತಕದಲ್ಲಿ ಮುಂಗೈಯ ಮುರಿತಕ್ಕೆ ಎಸ್ 52 ಎಂಬ ಶಿರೋನಾಮೆಯಿದೆ. ಅದರ ಮುಂದಿನ ಅಂಕಿಗಳು ಯಾವ ಎಲುಬು, ಎಲುಬಿನ ಯಾವ ಭಾಗ, ಯಾವ ಬಗೆಯ ಮುರಿತ, ಬಲಗೈಯೋ ಎಡಗೈಯೋ ಎಂಬುದನ್ನು ಹೇಳುತ್ತವೆ. ಏಳನೆಯ ಸ್ಥಾನದಲ್ಲಿ ಒಂದು ಅಕ್ಷರ ಬರುವುದು. ಎ, ಬಿ, ಸಿ ಎಂಬುವು ಚಿಕಿತ್ಸೆಯು ನಡೆಯುತ್ತಿರುವ ಕಾಲಕ್ಕೆ. ಡಿ, ಇ, ಎಫ್ ಎಂಬುವು ಎಲುಬು ಕ್ರಮವಾಗಿ ಕೂಡುತ್ತಿರುವ ಕಾಲಕ್ಕೆ. ಜಿ, ಎಚ್, ಜೆ ಎಂಬುವು ಕೂಡುವುದು ತಡವಾದಾಗ. ಕೆ, ಎಂ, ಎನ್ ಎಂಬುವು ಕೂಡದೆಯೇ ಹೋದಾಗ. ಪಿ, ಕ್ಯೂ, ಆರ್ ಎಂಬುವು ವಕ್ರವಾಗಿ ಕೂಡಿದಾಗ. ಎಸ್ ಎಂಬುದು ಎಲ್ಲ ಮುಗಿದ ಮೇಲೆ ಉಳಿದ ಊನಕ್ಕೆ. ಹೀಗೆ ಒಟ್ಟು ಹದಿನಾರು. ಅಂಕಿಗಳೊಡನೆ ಗೊಂದಲಕ್ಕೆ ಎಡೆಗೊಡುವ ಐ, ಎಲ್, ಓ ಎಂಬ ಅಕ್ಷರಗಳನ್ನು ಬಿಟ್ಟಿದ್ದಾರೆ. ಮೂರು ಮೂರರ ಗುಂಪಿನಲ್ಲಿ ಮೊದಲನೆಯದು ಚರ್ಮ ಹರಿಯದ ಮುರಿತಕ್ಕೆ. ಎರಡನೆಯದು ಚರ್ಮ ಹರಿದು ಗಾಯವು ಸಾಮಾನ್ಯವಾಗಿದ್ದಾಗ. ಮೂರನೆಯದು ಮಾಂಸಖಂಡಗಳೂ ನುಚ್ಚಾಗಿ ಗಾಯವು ಘೋರವಾಗಿದ್ದಾಗ. ಗಾಯಗಳ ಈ ತಾರತಮ್ಯವು ಗುಸ್ಟಿಲೋ ಮತ್ತು ಆಂಡರ್ಸನ್ ಎಂಬ ಶಸ್ತ್ರವೈದ್ಯರು 1976ರಲ್ಲಿ ಪ್ರಕಟಿಸಿದ ವಿಂಗಡಣೆಯನ್ನು ಅನುಸರಿಸಿರುತ್ತದೆ. ಮಣಿಕಟ್ಟಿನ ಬಳಿ ರೇಡಿಯಸ್ ಎಲುಬಿನ ತುದಿ ಮುರಿಯಿತೆಂಬ ಅತಿ ಸಾಮಾನ್ಯವಾದ ಒಂದೇ ಬಾಬಿಗೆ ಬಲ, ಎಡ, ಅನಿರ್ದಿಷ್ಟ ಎಂಬ ಮೂರು ವಿಧಗಳನ್ನು ಈ ಹದಿನಾರರಿಂದ ಗುಣಿಸಿದರೆ 48 ಸಂಕೇತಗಳಾಗುವುವು. ಎಸ್ 52.501ಕೆ ಎಂದು ಬರೆದರೆ, ಬಲಗೈಯ ರೇಡಿಯಸ್ ಎಲುಬಿನ ಕೆಳತುದಿ ಚರ್ಮ ಹರಿಯದೆ ಮುರಿದಿದ್ದು, ಈಗ ಕೂಡದೆ ನಿಂತಿದೆ ಎಂದರ್ಥ.

ಇದರಲ್ಲಿ ಗುಣವೆಷ್ಟೆಂಬುದನ್ನು ಹಳೆಯ ಪುಸ್ತಕದೊಡನೆ ಹೋಲಿಸಿದರೆ ತಿಳಿಯುವುದು. ಅಲ್ಲಿ ಕೂಡದ ಎಲುಬುಗಳಿಗೆಲ್ಲ 733.82 ಎಂಬ ಒಂದೇ ಸಂಕೇತವಿದ್ದಿತು. ತೊಡೆಯೆಲುಬಾಗಲಿ ಮುಂಗೈಯಾಗಲಿ, ಬಲವಾಗಲಿ ಎಡವಾಗಲಿ, ಎಲ್ಲವೂ ಅದೊಂದರಲ್ಲೇ ಅಡಗಿಹೋಗುತ್ತಿದ್ದುವು. ಯಾವ ಮುರಿತ ಹೆಚ್ಚಾಗಿ ಕೂಡದೆ ಹೋಗುತ್ತಿದೆಯೆಂದು ಆ ಸಂಕೇತವೊಂದರಿಂದ ತಿಳಿಯುವಂತಿರಲಿಲ್ಲ. ಹೊಸ ಪದ್ಧತಿಯಲ್ಲಿ ಅದು ಸಾಧ್ಯವಾಗಿದೆ. ಅದಕ್ಕಿಂತ ಹೆಚ್ಚಿನ ಸಂಗತಿಯೊಂದಿದೆ. ಸರ್ಕಾರಗಳಾಗಲಿ ಸಂಸ್ಥೆಗಳಾಗಲಿ ತಮ್ಮ ಜಯವನ್ನು ಎಣಿಸಿಕೊಳ್ಳುವುದು ಸ್ವಭಾವ. ತಮ್ಮ ಸೋಲಿಗೆ ಲೆಕ್ಕದ ಪುಸ್ತಕದಲ್ಲಿ ಒಂದು ಕಲಮು ತೆರೆಯುವುದು ಅಪೂರ್ವ. ಮಾಡಿದ ಚಿಕಿತ್ಸೆ ಫಲಿಸಲಿಲ್ಲವೆಂದು ಬರೆಯುವುದಕ್ಕೆ ಮೂರು ಅಕ್ಷರಗಳನ್ನು ಮೀಸಲಾಗಿಟ್ಟ ಜನರನ್ನು ನಾವು ಮೆಚ್ಚಬೇಕಾದುದೇ.

ಗುಣವನ್ನು ಹೇಳಿದಂತೆ ದೋಷವನ್ನೂ ಹೇಳತಕ್ಕದ್ದು ನಮ್ಮ ಕರ್ತವ್ಯ. ಮೊದಲನೆಯದಾಗಿ, ಈ ಅಕ್ಷರವು ಎಲುಬಿನ ಸ್ಥಿತಿಯಿಂದ ನೇರವಾಗಿ ಹುಟ್ಟುವುದಿಲ್ಲ. ವೈದ್ಯನ ಬರೆವಣಿಗೆಯಿಂದ ಹುಟ್ಟುವುದು. ಸಂಕೇತ ಹಚ್ಚುವ ಗುಮಾಸ್ತನು ಕ್ಷಕಿರಣದ ಚಿತ್ರವನ್ನು ನೋಡಿ ತಾನೇ ನಿರ್ಣಯ ಮಾಡುವಂತಿಲ್ಲ. ವೈದ್ಯನು ಎಲುಬು ಕೂಡಿಲ್ಲವೆಂದು ಸ್ಪಷ್ಟವಾಗಿ ಬರೆದಿದ್ದರೆ ಕೆ. ನೋವಿದೆ, ಮುಂದಿನ ತಿಂಗಳು ನೋಡೋಣ ಎಂದಷ್ಟೇ ಬರೆದಿದ್ದರೆ ಕೆ ಎಂದು ಹಚ್ಚುವುದಕ್ಕೆ ಆಧಾರವಿಲ್ಲ. ವೈದ್ಯನಿಗೆ ಪತ್ರ ಬರೆದು ಕೇಳಬೇಕು. ಹೀಗೆ ಕೇಳುವ ವ್ಯವಧಾನವಿಲ್ಲದ ಕಡೆ ಕೂಡದ ಎಲುಬು ಕಾಗದದಲ್ಲಿ ಕೂಡುತ್ತಲೇ ಇರುವುದು. ಮುರಿತವು ಚರ್ಮ ಹರಿದುದೋ ಅಲ್ಲವೋ ಎಂದು ವೈದ್ಯನು ಹೇಳದಿದ್ದರೆ ಹರಿಯದುದೆಂದೇ ಭಾವಿಸತಕ್ಕದ್ದು. ಎಲುಬು ಸ್ಥಾನ ತಪ್ಪಿದೆಯೋ ಇಲ್ಲವೋ ಎಂದು ಹೇಳದಿದ್ದರೆ ತಪ್ಪಿದೆಯೆಂದೇ ಭಾವಿಸತಕ್ಕದ್ದು ಎಂಬ ನಿಯಮಗಳಿವೆ. ವೈದ್ಯನು ಮೌನವಾಗಿದ್ದ ಕಡೆ ಪುಸ್ತಕವು ಮಾತನಾಡುತ್ತದೆ. ಆ ಮಾತು ಸತ್ಯವೆಂದು ಅಂಕಿಗಳಲ್ಲಿ ಸೇರಿಹೋಗುತ್ತದೆ.

ಎರಡನೆಯದು ಇದಕ್ಕಿಂತ ಸೂಕ್ಷ್ಮವಾದ ಸಂಗತಿ. ಒಬ್ಬ ಬಡಗಿಯು ಏಣಿಯಿಂದ ಬಿದ್ದು ಕೈ ಮುರಿದುಕೊಂಡನೆನ್ನೋಣ. ಅವನು ಆರು ವಾರದಲ್ಲಿ ಆಸ್ಪತ್ರೆಗೆ ಹಿಂದಿರುಗಿ, ಮತ್ತೆ ನಾಲ್ಕು ತಿಂಗಳ ಮೇಲೆ ಬಂದು, ಎಲುಬು ಕೂಡಿಲ್ಲವೆಂದು ಗೊತ್ತಾದರೆ ಅವನಿಗೆ ಕೆ ಎಂಬ ಅಕ್ಷರ. ಅದೇ ಕಾಲದಲ್ಲಿ ಬಿದ್ದ ಇನ್ನೊಬ್ಬನು, ಕೈಯಲ್ಲಿ ಹಣವಿಲ್ಲದೆಯೋ ಕೂಲಿ ತಪ್ಪೀತೆಂಬ ಭಯದಿಂದಲೋ ತಿಂಗಳುಗಟ್ಟಲೆ ತಡಮಾಡಿ, ಎಲುಬು ಕೂಡದ ಸ್ಥಿತಿಯಲ್ಲಿಯೇ ಮೊಟ್ಟಮೊದಲು ವೈದ್ಯನ ಬಾಗಿಲಿಗೆ ಬಂದರೆ, ಅಮೆರಿಕದ ನಿಯಮದಂತೆ ಅವನಿಗೆ ಮೊದಲ ಚಿಕಿತ್ಸೆಯ ಅಕ್ಷರವೇ ಸಲ್ಲುವುದು. ಇಬ್ಬರ ಎಲುಬೂ ಕೂಡಿಲ್ಲ. ಲೆಕ್ಕದಲ್ಲಿ ಮಾತ್ರ ಒಬ್ಬನು ಕೂಡದವನು, ಇನ್ನೊಬ್ಬನು ಆಗ ತಾನೇ ಮುರಿದುಕೊಂಡವನು. ನಿಯಮವನ್ನು ಮಾಡಿದವರಿಗೆ ಕಾರಣವಿದ್ದೀತು: ಅವನಿಗೆ ಕ್ರಿಯಾಶೀಲ ಚಿಕಿತ್ಸೆ ಆರಂಭವಾಗುವುದು ಅಂದೇ. ಆದರೆ ವೈದ್ಯನಿಲ್ಲದುದರಿಂದ ಕೆಟ್ಟ ಕೈ, ವೈದ್ಯನಿದ್ದೂ ಕೆಟ್ಟ ಕೈ ಎಂಬ ಎರಡರಲ್ಲಿ, ಬಡತನದ ಪಾಲಿಗೆ ಬರುವ ಮೊದಲನೆಯದು ಈ ಅಕ್ಷರಗಳಲ್ಲಿ ಕಾಣುವುದಿಲ್ಲವೆಂಬುದನ್ನು ಅಂಕಿಗಳನ್ನು ಓದುವವರು ಮರೆಯಬಾರದು.

ಮೂರನೆಯದಾಗಿ, ಎಲುಬು ಸವೆದ ವೃದ್ಧೆಯೊಬ್ಬಳು ಅಂಗಳದಲ್ಲಿ ಸ್ವಲ್ಪ ಜಾರಿ ಮಣಿಕಟ್ಟು ಮುರಿದುಕೊಂಡರೆ, ಗಟ್ಟಿ ಎಲುಬು ಮುರಿಯಲಾರದ ಪೆಟ್ಟು ಅದಾಗಿದ್ದರೆ, ಅವಳ ಸಂಕೇತವು ಎಸ್ 52ರಲ್ಲಿ ಇರುವುದಿಲ್ಲ. ಎಂ 80 ಎಂಬ ಬೇರೆಯ ಅಧ್ಯಾಯಕ್ಕೆ ಹೋಗುವುದು. ಇದು ಸರಿಯಾದುದೇ, ಏಕೆಂದರೆ ಅಲ್ಲಿ ರೋಗವು ಬಿದ್ದುದರಲ್ಲಿಲ್ಲ, ಎಲುಬಿನಲ್ಲಿದೆ. ಆದರೆ ಒಂದೇ ಅಧ್ಯಾಯವನ್ನು ಎಣಿಸಿ ದೇಶದ ಕೂಡದ ಮುಂಗೈಗಳೆಲ್ಲ ಇಷ್ಟೇ ಎನ್ನುವವನು ಮೋಸಹೋಗುವನು. ಇದಲ್ಲದೆ, ರಕ್ತವಿಲ್ಲದೆ ತುದಿಗಳು ಒಣಗಿ ಕೂಡದ ಎಲುಬಿಗೂ, ಬೆಳೆವಣಿಗೆಯಿದ್ದು ಅಲುಗಾಟದಿಂದ ಕೂಡದ ಎಲುಬಿಗೂ ಚಿಕಿತ್ಸೆಯು ಬೇರೆ ಬೇರೆ. ಮೊದಲನೆಯದಕ್ಕೆ ಬೇರೆಡೆಯ ಎಲುಬನ್ನು ತಂದು ಕಸಿ ಹಾಕಬೇಕಾಗುವುದು. ಎರಡನೆಯದಕ್ಕೆ ಭದ್ರವಾದ ಬಂಧನವೇ ಸಾಕಾಗಬಹುದು. ಕೆ ಎಂಬ ಅಕ್ಷರಕ್ಕೆ ಈ ಭೇದ ತಿಳಿಯದು. ಹದಿನಾರು ಅಕ್ಷರಗಳಿದ್ದರೂ ಶಸ್ತ್ರವೈದ್ಯನು ಮೊದಲು ಕೇಳುವ ಪ್ರಶ್ನೆಗೆ ಅವುಗಳಲ್ಲಿ ಉತ್ತರವಿಲ್ಲ.

ಇನ್ನು ಹಣದ ವಿಷಯ. ಅಮೆರಿಕದಲ್ಲಿ ಸಂಕೇತವಿಲ್ಲದೆ ವಿಮೆಯ ಹಣವಿಲ್ಲ. ಅಲ್ಲಿಯ ವೃದ್ಧರಿಗಾಗಿ ಸರ್ಕಾರವು ನಡೆಸುವ ಮೆಡಿಕೇರ್ ಎಂಬ ಯೋಜನೆಯು 1983ರಿಂದಲೂ ಆಸ್ಪತ್ರೆಯಲ್ಲಿ ಮಲಗಿದವರಿಗೆ ರೋಗವರ್ಗಕ್ಕೆ ಇಷ್ಟೆಂದು ಗೊತ್ತುಮಾಡಿ ಹಣ ಕೊಡುತ್ತಿದೆ. ಎಲುಬನ್ನು ಬೆಳೆಯುವಂತೆ ಪ್ರಚೋದಿಸುವ ವಿದ್ಯುದ್ಯಂತ್ರಕ್ಕೆ ಅದೇ ಯೋಜನೆಯಿಂದ ಹಣ ಸಿಕ್ಕಬೇಕಾದರೆ, ಮೂರು ತಿಂಗಳು ಅಥವಾ ಅದಕ್ಕೂ ಹೆಚ್ಚು ಕಾಲದಿಂದ ಕೂಡುವ ಕ್ರಿಯೆ ನಿಂತುಹೋಗಿದೆಯೆಂದು ಒಂದರ ಮೇಲೊಂದು ತೆಗೆದ ಕ್ಷಕಿರಣ ಚಿತ್ರಗಳಿಂದ ಸಿದ್ಧವಾಗಬೇಕು. ಹೀಗಿರುವಲ್ಲಿ ತಡವಾಗಿ ಕೂಡುತ್ತಿದೆ ಎಂಬ ಜಿ ಅಕ್ಷರಕ್ಕೂ ಕೂಡಲೇ ಇಲ್ಲ ಎಂಬ ಕೆ ಅಕ್ಷರಕ್ಕೂ ನಡುವೆ ಇರುವುದು ಶಾಸ್ತ್ರದ ಅಂತರವೊಂದೇ ಅಲ್ಲ. ಥೈಲಿಯ ಅಂತರವೂ ಹೌದು. ಲೆಕ್ಕಕ್ಕೂ ಹಣಕ್ಕೂ ಗಂಟುಹಾಕಿದ ಕಡೆ ಲೆಕ್ಕವು ಹಣದ ಕಡೆಗೆ ವಾಲುವುದು ಮನುಷ್ಯಸ್ವಭಾವ. ಎಲ್ಲರೂ ಕಪಟಿಗಳೆಂದು ನಾವು ಹೇಳುವುದಿಲ್ಲ. ಹಣವನ್ನು ಕೊಡುವವನಿಗೆ ತಡವೆಂದು ಕಾಣುವುದೂ ಪಡೆಯುವವನಿಗೆ ಕೂಡಿಲ್ಲವೆಂದು ಕಾಣುವುದೂ ಸಹಜವೆಂದಷ್ಟೇ ಹೇಳುತ್ತೇವೆ. ನಡುವೆ ಸಿಕ್ಕಿಕೊಂಡವನು ಕೈಯನ್ನು ಜೋಲಿಯಲ್ಲಿ ಹಾಕಿಕೊಂಡು ಕುಳಿತ ರೋಗಿ.

ಈಗ ನಮ್ಮ ದೇಶದ ಕಡೆಗೆ ತಿರುಗೋಣ. ಅಮೆರಿಕದ ಆಸ್ಪತ್ರೆಗಳ ಕಾಗದಪತ್ರಗಳು ಸಮುದ್ರವನ್ನು ದಾಟಿ ನಮ್ಮ ನಗರಗಳ ಗಣಕಯಂತ್ರಗಳ ಮೇಲೆ ಬೀಳುತ್ತವೆ. ನಮ್ಮ ಪದವೀಧರರು ಶರೀರಶಾಸ್ತ್ರವನ್ನು ಓದಿ, ಪರೀಕ್ಷೆಯನ್ನು ಕೊಟ್ಟು, ಕೋಡಿಂಗ್ ಎಂದು ಹೆಸರುಳ್ಳ ಈ ಕೆಲಸದಿಂದ ಜೀವನವನ್ನು ಸಾಗಿಸುತ್ತಿದ್ದಾರೆ. ಮರ್ಯಾದೆಯ ಕೆಲಸ, ಅದನ್ನು ಹಳಿಯುವ ಉದ್ದೇಶ ನಮಗಿಲ್ಲ. ಆದರೆ ಎಂದೂ ಕಾಣದ ಊರಿನ ಎಂದೂ ಕಾಣದ ಬಡಗಿಯ ಬಲಗೈಯೋ ಎಡಗೈಯೋ, ಕೂಡಿತೋ ಇಲ್ಲವೋ ಎಂದು ನಮ್ಮ ಹುಡುಗಿಯೊಬ್ಬಳು ಅಷ್ಟು ನಿಷ್ಠೆಯಿಂದ ಬರೆದಿಡುತ್ತಿರುವಾಗ, ಅವಳ ಸ್ವಂತ ತಂದೆ ಹಳ್ಳಿಯಲ್ಲಿ ಮರದಿಂದ ಬಿದ್ದು ಕೈ ಮುರಿದುಕೊಂಡರೆ ಅದು ಕೂಡಿತೋ ಇಲ್ಲವೋ ಎಂಬುದನ್ನು ಬರೆದಿಡುವವರು ಯಾರು? ಈ ಪ್ರಶ್ನೆಯನ್ನು ಕೇಳದೆ ಬಿಡುವುದು ನಮ್ಮಿಂದಾಗದು.

ನಮ್ಮಲ್ಲಿ ಕಾನೂನುಗಳಿಲ್ಲವೆಂದಲ್ಲ. ಜನನಮರಣ ನೋಂದಣಿಯ ಶಾಸನವು 1969ರಲ್ಲಿಯೇ ಆಗಿದೆ. ಆದರೂ 2020ರ ಸರ್ಕಾರಿ ವರದಿಯಂತೆ ನೋಂದಣಿಯಾದ ಮರಣಗಳಲ್ಲಿ ನೂರಕ್ಕೆ 22.5ಕ್ಕೆ ಮಾತ್ರ ಕಾರಣವನ್ನು ವೈದ್ಯರು ದೃಢೀಕರಿಸಿದ್ದರು. ಸತ್ತವರ ಲೆಕ್ಕವೇ ಹೀಗಿದ್ದರೆ ಬದುಕಿ ಊನವಾದವರ ಲೆಕ್ಕವನ್ನು ಕೇಳಬೇಕೆ? ವೈದ್ಯಕೀಯ ದಾಖಲೆಗಳ ವಿಷಯದಲ್ಲಿ ಕೇಂದ್ರ ಸರ್ಕಾರದವರು 2016ರಲ್ಲಿ ಪ್ರಕಟಿಸಿದ ಪರಿಷ್ಕೃತ ಸೂತ್ರಗಳಲ್ಲಿ ಈ ಅಂತರರಾಷ್ಟ್ರೀಯ ಸಂಕೇತಗಳನ್ನು ಬಳಸಬೇಕೆಂಬ ಸೂಚನೆಯಿದೆ. 2018ರ ಸೆಪ್ಟೆಂಬರಿನಲ್ಲಿ ಆರಂಭವಾದ ಆಯುಷ್ಮಾನ್ ಭಾರತ ಯೋಜನೆಯು ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷ ರೂಪಾಯಿಯವರೆಗೆ ಆಸ್ಪತ್ರೆಯ ಖರ್ಚನ್ನು ವಹಿಸುತ್ತದೆ. ನಮ್ಮ ನಾಡಿನಲ್ಲಿ ಅದು ಆರೋಗ್ಯ ಕರ್ನಾಟಕದೊಡನೆ ಕೂಡಿ ನಡೆಯುತ್ತಿದೆ. ಇದು ಬಡವರಿಗೆ ದೊಡ್ಡ ಉಪಕಾರವೇ ಸರಿ. ಆದರೆ ಅಲ್ಲಿ ಹಣವು ಸಲ್ಲುವುದು ಮಾಡಿದ ಶಸ್ತ್ರಕ್ರಿಯೆಗೆ. ಪಟ್ಟಿ ಕೂರಿಸಿ, ಹೊಲಿಗೆ ಬಿಚ್ಚಿ, ರೋಗಿಯನ್ನು ಮನೆಗೆ ಕಳುಹಿಸಿದಲ್ಲಿಗೆ ಕಡತವು ಮುಚ್ಚುವುದು. ಎಲುಬಾದರೋ ಕಡತದೊಡನೆ ಮುಚ್ಚಿಕೊಳ್ಳುವುದಿಲ್ಲ. ಅದು ಕೂಡಬೇಕಾದುದು ಆ ಮೇಲಿನ ಮೂರು ನಾಲ್ಕು ತಿಂಗಳುಗಳಲ್ಲಿ. ಆ ತಿಂಗಳುಗಳಿಗೆ ನಮ್ಮ ಪುಸ್ತಕದಲ್ಲಿ ಹಾಳೆಯಿಲ್ಲ. ಎಲುಬು ಕಟ್ಟುವ ನಾಟಿ ವೈದ್ಯರ ಬಳಿಗೆ ಹೋಗುವ ಅಸಂಖ್ಯಾತರ ಮಾತಂತೂ ಯಾವ ಪುಸ್ತಕದಲ್ಲಿಯೂ ಇಲ್ಲ. ಅವರಲ್ಲಿ ಕೈಗುಣವಿದ್ದವರು ಉಂಟು. ಬಿಗಿಯಾಗಿ ಕಟ್ಟಿ ರಕ್ತಸಂಚಾರವನ್ನು ತಡೆದು ಕೈಯನ್ನೇ ಕೆಡಿಸುವವರೂ ಉಂಟು. ಲೆಕ್ಕವಿಲ್ಲದಿರುವ ತನಕ ಇಬ್ಬರಿಗೂ ಒಂದೇ ಕೀರ್ತಿ.

ಇದರ ಪರಿಣಾಮವು ಪಂಡಿತರಿಗೆ ಅಂಕಿ ಸಿಕ್ಕದಿರುವುದು ಮಾತ್ರವಲ್ಲ. ಕಾರ್ಖಾನೆಯಲ್ಲಿ ಕೈ ಮುರಿದವನಿಗೆ ಪರಿಹಾರ ಕೊಡಬೇಕೆಂಬ ಶಾಸನವು ಈ ದೇಶದಲ್ಲಿ 1923ರಲ್ಲಿಯೇ ಆಯಿತು. ಆದರೆ ಊನವು ತಾತ್ಕಾಲಿಕವೋ ಶಾಶ್ವತವೋ ಎಂಬುದರ ಮೇಲೆ ಪರಿಹಾರದ ಮೊತ್ತವು ನಿಲ್ಲುವುದು. ಎಲುಬು ಕೂಡಲಿಲ್ಲವೆಂದು ತಾರೀಖು ಸಹಿತ ಬರೆದ ಕಾಗದವು ಕೈಯಲ್ಲಿಲ್ಲದ ಕೂಲಿಯವನು, ಮುರಿದ ಕೈಯನ್ನೇ ಸಾಕ್ಷಿಯಾಗಿ ತೋರಿಸುತ್ತ ಕಚೇರಿಯಿಂದ ಕಚೇರಿಗೆ ಅಲೆಯಬೇಕಾಗುವುದು. ಅಮೆರಿಕದ ಒಂದು ಅಕ್ಷರವು ಅಲ್ಲಿಯ ರೋಗಿಗೆ ಎಷ್ಟು ತೊಡಕನ್ನು ತಂದರೂ, ಅವನ ಕೈ ಕೂಡಲಿಲ್ಲವೆಂಬ ಸಂಗತಿಯನ್ನು ಯಾರೂ ಅಲ್ಲಗಳೆಯಲಾರದಂತೆ ಬರೆದಿಡುತ್ತದೆ. ನಮ್ಮವನಿಗೆ ಅಷ್ಟೂ ಇಲ್ಲ.

ಹಾಗಾದರೆ 69 ಸಾವಿರ ಸಂಕೇತಗಳ ಪುಸ್ತಕವನ್ನು ನಮ್ಮ ತಾಲ್ಲೂಕು ಆಸ್ಪತ್ರೆಗಳ ಮೇಲೆ ಹೇರಬೇಕೆಂಬುದು ನಮ್ಮ ಅಭಿಪ್ರಾಯವೆ? ಅಲ್ಲವೇ ಅಲ್ಲ. ದಿನಕ್ಕೆ ನೂರಾರು ರೋಗಿಗಳನ್ನು ನೋಡುವ ವೈದ್ಯನಿಗೆ ಹದಿನಾರು ಅಕ್ಷರಗಳ ಭಾರವನ್ನು ಹೊರಿಸಿದರೆ, ಅವನು ಮೊದಲನೆಯ ಅಕ್ಷರವನ್ನೇ ಎಲ್ಲರಿಗೂ ಹಚ್ಚಿ ಕೈ ತೊಳೆದುಕೊಳ್ಳುವನು. ಸುಳ್ಳು ಲೆಕ್ಕಕ್ಕಿಂತ ಲೆಕ್ಕವಿಲ್ಲದಿರುವುದೇ ಮೇಲು. ನಮಗೆ ಬೇಕಾದುದು ಅವರ ಅಕ್ಷರವಲ್ಲ, ಆ ಅಕ್ಷರದ ಹಿಂದಿರುವ ಪ್ರಶ್ನೆ. ಮುರಿದ ಮುಂಗೈಗೆ ಪಟ್ಟಿ ಕೂರಿಸಿದ ಅಥವಾ ಕಟ್ಟು ಹಾಕಿದ ಪ್ರತಿಯೊಬ್ಬ ರೋಗಿಯ ಚೀಟಿಯಲ್ಲಿಯೂ ಮೂರು ಸಾಲುಗಳಿರಲಿ: ಯಾವ ಕೈ, ಯಾವ ಎಲುಬು, ಚರ್ಮ ಹರಿದಿತ್ತೆ ಎಂಬುದು ಮೊದಲನೆಯದು, ಆರು ವಾರಕ್ಕೆ ಏನಾಯಿತು ಎಂಬುದು ಎರಡನೆಯದು, ಆರು ತಿಂಗಳಿಗೆ ಕೂಡಿತೆ, ವಕ್ರವಾಯಿತೆ, ಕೂಡಲಿಲ್ಲವೆ ಎಂಬುದು ಮೂರನೆಯದು. ಸರ್ಕಾರದ ಯೋಜನೆಯಿಂದ ಹಣವನ್ನು ಪಡೆದ ಆಸ್ಪತ್ರೆಗಳಿಗೆ, ಕೊಡುವ ಹಣದ ಒಂದು ಸಣ್ಣ ಭಾಗವನ್ನು ಈ ಮೂರನೆಯ ಸಾಲು ಬರೆದು ಕಳುಹಿಸಿದ ಮೇಲೆ ಸಲ್ಲಿಸತಕ್ಕದ್ದು. ಕೂಡಲಿಲ್ಲವೆಂದು ಬರೆದವರಿಗೂ ಕೂಡಿತೆಂದು ಬರೆದವರಿಗೂ ಒಂದೇ ಮೊತ್ತ ಸಲ್ಲಬೇಕು. ಇಲ್ಲವಾದರೆ ಎಲ್ಲ ಎಲುಬುಗಳೂ ಕಾಗದದಲ್ಲಿ ಕೂಡಿಬಿಡುವುವು. ರೋಗಿಯ ಬಸ್ಸಿನ ಖರ್ಚನ್ನೂ ಅದರಲ್ಲಿ ಸೇರಿಸಿದರೆ ಅವನು ಹಿಂದಿರುಗಿ ಬಂದಾನು. ಸಂಕೇತವನ್ನು ಹಚ್ಚುವ ಕೆಲಸವನ್ನು ವೈದ್ಯನಿಗೆ ಬಿಡದೆ, ಅದಕ್ಕಾಗಿ ಶಿಕ್ಷಿತರಾದವರಿಗೆ ವಹಿಸಲಿ. ಪರದೇಶದ ಕಾಗದಗಳನ್ನು ಓದಿ ನುರಿತ ತರುಣರು ನಮ್ಮಲ್ಲಿ ಇದ್ದೇ ಇದ್ದಾರೆ. ಅವರ ವಿದ್ಯೆಯು ಸ್ವದೇಶದ ಕೈಗಳಿಗೂ ಒದಗಲಿ.

ಹನ್ನೊಂದನೆಯ ಪರಿಷ್ಕರಣದಲ್ಲಿ ಆಯುರ್ವೇದ, ಸಿದ್ಧ, ಯುನಾನಿ ಪದ್ಧತಿಗಳ ರೋಗನಾಮಗಳಿಗೂ ಸ್ಥಾನ ದೊರೆತು, 2024ರ ಜನವರಿಯಲ್ಲಿ ದಿಲ್ಲಿಯಲ್ಲಿ ಆ ಭಾಗವು ಬಿಡುಗಡೆಯಾದುದನ್ನು ಕಂಡು ಹೆಮ್ಮೆಪಟ್ಟವರು ಬಹುಮಂದಿ. ನಮಗೂ ಸಂತೋಷವೇ. ಸುಶ್ರುತನು ಎಲುಬಿನ ಮುರಿತಗಳನ್ನು ಹನ್ನೆರಡು ಬಗೆಯಾಗಿಯೂ ಕೀಲು ತಪ್ಪುವುದನ್ನು ಆರು ಬಗೆಯಾಗಿಯೂ ವಿಂಗಡಿಸಿದನು. ಮರದ ತೊಗಟೆಯ ಮತ್ತು ಬಿದಿರಿನ ಕಡ್ಡಿಗಳಿಂದ ಕಟ್ಟುವ ಕ್ರಮವನ್ನೂ ಹೇಳಿದನು. ವಿಂಗಡಿಸುವ ಬುದ್ಧಿ ನಮಗೆ ಹೊರಗಿನಿಂದ ಬರಬೇಕಾದುದಲ್ಲ. ಆದರೆ ವಿಂಗಡಿಸಿದ ಮೇಲೆ ಎಣಿಸುವ ಅಭ್ಯಾಸವನ್ನು, ಅದರಲ್ಲಿಯೂ ನಮ್ಮ ಸೋಲನ್ನು ನಾವೇ ಎಣಿಸುವ ಅಭ್ಯಾಸವನ್ನು ನಾವು ಬೆಳೆಸಿಕೊಳ್ಳಲಿಲ್ಲ. ಪೂರ್ವಿಕರ ಹೆಸರು ಜಗತ್ತಿನ ಪುಸ್ತಕದಲ್ಲಿ ಸೇರಿದುದಕ್ಕೆ ಹಿಗ್ಗುವ ನಾವು, ಬದುಕಿರುವವರ ಕೈ ನಮ್ಮ ಪುಸ್ತಕದಲ್ಲಿ ಸೇರದಿರುವುದಕ್ಕೆ ನಾಚಬೇಕು.

ಆರೋಗ್ಯ ಇಲಾಖೆಯ ಅಧಿಕಾರಿವರ್ಗದವರು ಈ ಸಲಹೆಯನ್ನು ಪರಿಶೀಲಿಸುವರೆಂದು ನಂಬಿದ್ದೇವೆ. ಇದಕ್ಕೆ ಹೊಸ ಶಾಸನ ಬೇಡ, ದೊಡ್ಡ ಸಮಿತಿ ಬೇಡ. ಒಂದು ಜಿಲ್ಲೆಯ ಆಸ್ಪತ್ರೆಯಲ್ಲಿ ಒಂದು ವರ್ಷ ನಡೆಸಿ ನೋಡಲಿ. ಪಟ್ಟಣದ ವಾಚಕರೂ ಒಂದು ಕೆಲಸ ಮಾಡಬಹುದು. ಮನೆಯಲ್ಲಾಗಲಿ ನೆರೆಯಲ್ಲಾಗಲಿ ಕೈ ಮುರಿದವರಿದ್ದರೆ, ಕಟ್ಟು ಬಿಚ್ಚಿದ ದಿನಕ್ಕೆ ವಿಷಯ ಮುಗಿಯಿತೆನ್ನದೆ, ಹೇಳಿದ ತಾರೀಖಿಗೆ ಅವರನ್ನು ವೈದ್ಯರ ಬಳಿಗೆ ಮತ್ತೆ ಕರೆದೊಯ್ದು, ಎಲುಬು ಕೂಡಿತೆ ಎಂದು ಕೇಳಿ, ಉತ್ತರವನ್ನು ಚೀಟಿಯಲ್ಲಿ ಬರೆಸಿಕೊಳ್ಳಲಿ. ಚೀಟಿಗಳನ್ನೂ ಚಿತ್ರಗಳನ್ನೂ ಜೋಪಾನವಾಗಿಡಲಿ. ಕೇಳುವವರಿದ್ದರೆ ಬರೆಯುವವರು ಬರೆಯುತ್ತಾರೆ.